ಕತ್ತಲಾಗುವಾಗ ಪರದೆ ಎಳೆಯುವ ಭಯ: ಜಾನ್ ರಫ್ ಓಹರ್ನ್ ಬಗ್ಗೆ ಮಾತಾಡೋಣ

ತುಂಗಾತೀರ (ಚರ್ಚೆ ಶುರು ಮಾಡಿದವರು)

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತೇನೆ, ಬೇಸರ ಮಾಡ್ಕೋಬೇಡಿ. ವಿಷಯ ಭಾರದ್ದು. ಈಗ ಓದುವ ಮನಸ್ಸಿಲ್ಲದವರು ಆಮೇಲೆ ಓದಿ.

ಒಂದು ವಾರದಿಂದ ಒಬ್ಬ ಹೆಂಗಸಿನ ಬದುಕು ನನ್ನ ತಲೆಯಲ್ಲಿ ಕೂತುಬಿಟ್ಟಿದೆ. ಹೆಸರು ಜಾನ್ ರಫ್ ಓಹರ್ನ್. 1923ರಲ್ಲಿ ಈಗಿನ ಇಂಡೋನೇಷ್ಯಾದ ಜಾವಾ ದ್ವೀಪದ ಬಾಂಡುಂಗ್‌ನಲ್ಲಿ ಹುಟ್ಟಿದ ಡಚ್ ಹುಡುಗಿ. ಆಗ ಅದು ಡಚ್ಚರ ವಸಾಹತು. ದೇವರ ಮೇಲೆ ತುಂಬಾ ಭಕ್ತಿ. ಟೀಚರ್ ತರಬೇತಿ ಮುಗಿಸಿದ್ದರು, ಸನ್ಯಾಸಿನಿ ಆಗಬೇಕು ಅಂದುಕೊಂಡಿದ್ದರು. 1942ರ ಮಾರ್ಚ್‌ನಲ್ಲಿ ಜಪಾನ್ ಸೈನ್ಯ ಜಾವಾಕ್ಕೆ ಬಂತು. ತಾಯಿ ಮತ್ತು ಇಬ್ಬರು ತಂಗಿಯರ ಜೊತೆ ಇವರನ್ನು ಅಂಬರಾವಾ ಅನ್ನುವ ಊರಿನ ಶಿಬಿರಕ್ಕೆ ಹಾಕಿದರು. ಅದು ಯಾರೂ ಬಳಸದೆ ಬಿಟ್ಟಿದ್ದ ಹಳೆ ಸೈನಿಕ ಬ್ಯಾರಕ್. ಸಾವಿರಾರು ಹೆಂಗಸರು ಮಕ್ಕಳು, ಹಸಿವು, ರೋಗ, ಮೈಮುರಿಯುವ ಕೆಲಸ. ಒಟ್ಟು ಮೂರೂವರೆ ವರ್ಷ ಸೆರೆ.

1944ರ ಫೆಬ್ರವರಿಯಲ್ಲಿ ಒಂದು ದಿನ ಲಾರಿ ಬಂತು. ಹದಿನೇಳು ವರ್ಷ ದಾಟಿದ, ಮದುವೆಯಾಗದ ಹುಡುಗಿಯರೆಲ್ಲ ಅಂಗಳದಲ್ಲಿ ಸಾಲಾಗಿ ನಿಲ್ಲಬೇಕು ಅಂತ ಹುಕುಂ. ಅಧಿಕಾರಿಗಳು ಸಾಲಿನುದ್ದಕ್ಕೂ ನಡೆದು ಗಲ್ಲ ಎತ್ತಿ ನೋಡಿದರು, ಕಾಲು ನೋಡಿದರು. ಸಂತೆಯಲ್ಲಿ ದನ ನೋಡುವ ಹಾಗೆ. ಕೊನೆಗೆ ಹತ್ತು ಜನರನ್ನು ಆರಿಸಿದರು. ಜಾನ್‌ಗೆ ಆಗ 21. ಒಂದು ಸಣ್ಣ ಚೀಲದಲ್ಲಿ ಪ್ರಾರ್ಥನೆ ಪುಸ್ತಕ, ಜಪಮಾಲೆ ತುಂಬಿಕೊಂಡು ಲಾರಿ ಹತ್ತಿದರು.

ಅವರನ್ನು ಕರೆದುಕೊಂಡು ಹೋಗಿದ್ದು ಸೆಮರಾಂಗ್ ನಗರದ ಒಂದು ದೊಡ್ಡ ಬಂಗಲೆಗೆ. ಜಪಾನಿ ಸೇನಾಧಿಕಾರಿಗಳಿಗಾಗಿ ತೆರೆದ ವೇಶ್ಯಾಗೃಹ ಅದು. ಹುಡುಗಿಯರ ಫೋಟೋ ತೆಗೆದು ಮುಂಬಾಗಿಲ ಹತ್ತಿರ ಹಾಕಿದರು. ಒಬ್ಬೊಬ್ಬರಿಗೂ ಒಂದೊಂದು ಹೂವಿನ ಹೆಸರು ಇಟ್ಟರು. ಮೊದಲ ರಾತ್ರಿ ಜಾನ್ ಊಟದ ಮೇಜಿನ ಕೆಳಗೆ ಅಡಗಿದ್ದರು. ಅಲ್ಲಿಂದ ಎಳೆದೊಯ್ದವನ ಕೈಯಲ್ಲಿ ಕತ್ತಿ ಇತ್ತು. ಆಮೇಲೆ ಪ್ರತಿ ರಾತ್ರಿ ಅದೇ. ಕುರೂಪಿಯಾದರೆ ಬಿಟ್ಟಾರು ಅಂತ ತನ್ನ ತಲೆಗೂದಲನ್ನು ತಾನೇ ಕತ್ತರಿಸಿ ಬೋಳು ಮಾಡಿಕೊಂಡರು. ಬಿಡಲಿಲ್ಲ. ಕುತೂಹಲಕ್ಕೆ ಇನ್ನೂ ಜಾಸ್ತಿ ಬಂದರು. ಒಂದು ಸಲವೂ ಹೊಡೆದಾಡದೆ ಇರಲಿಲ್ಲ ಅಂತ ಅವರು ಮುಂದೆ ಹೇಳಿದ್ದಾರೆ.

ಹೀಗೆ ಸುಮಾರು ಮೂರು ತಿಂಗಳು. ಆಮೇಲೆ ಆ ಮನೆ ಮುಚ್ಚಿತು. ಹುಡುಗಿಯರನ್ನು ಬೋಗೋರ್‌ನ ಶಿಬಿರಕ್ಕೆ ಸಾಗಿಸಿ ತಾಯಂದಿರ ಜೊತೆ ಸೇರಿಸಿದರು. ಬಾಯಿ ಬಿಟ್ಟರೆ ನಿಮ್ಮನ್ನೂ ಕೊಲ್ಲುತ್ತೇವೆ, ನಿಮ್ಮ ಮನೆಯವರನ್ನೂ ಕೊಲ್ಲುತ್ತೇವೆ ಅಂತ ಹೆದರಿಸಿದ್ದರು.

ಇಲ್ಲಿಂದ ಮುಂದಿನದ್ದಕ್ಕಾಗಿಯೇ ನಾನು ಈ ಚರ್ಚೆ ಶುರು ಮಾಡಿದ್ದು.

ಮೊದಲ ರಾತ್ರಿ ಜಾನ್ ತಾಯಿಯ ತೋಳಿನಲ್ಲಿ ಮಲಗಿದರು. ತಾಯಿ ಏನೂ ಕೇಳದೆ ಆ ಬೋಳು ತಲೆಯನ್ನು ಸವರುತ್ತಾ ಇದ್ದರು. ಮಾರನೇ ದಿನ ಮಗಳು ಎಲ್ಲ ಹೇಳಿದರು. ಒಂದೇ ಸಲ. ಆಮೇಲೆ ತಾಯಿ ಮಗಳ ನಡುವೆ ಆ ಮಾತು ಬರಲೇ ಇಲ್ಲ. ಶಿಬಿರದ ಪಾದ್ರಿಗೆ ಹೇಳಿ, ನನಗಿನ್ನೂ ಸನ್ಯಾಸಿನಿ ಆಗುವ ಆಸೆ ಇದೆ ಅಂದರು. ಹೀಗೆಲ್ಲ ಆದ ಮೇಲೆ ನೀನು ಸನ್ಯಾಸಿನಿ ಆಗದೇ ಇರುವುದು ಒಳ್ಳೆಯದು ಅಂದರಂತೆ ಅವರು. ಶಿಬಿರದ ಬೇರೆ ಡಚ್ ಹೆಂಗಸರು ಈ ಹುಡುಗಿಯರನ್ನು ಸೂಳೆಯರು ಅಂದರು. ಅದೇ ಮುಳ್ಳುತಂತಿಯ ಒಳಗೆ, ಅದೇ ಗಂಜಿ ಕುಡಿಯುತ್ತಿದ್ದವರು!

ಯುದ್ಧ ಮುಗಿದ ಮೇಲೆ ಟಾಮ್ ರಫ್ ಅನ್ನುವ ಬ್ರಿಟಿಷ್ ಸೈನಿಕನ ಪರಿಚಯವಾಯಿತು. ಅವರಿಗೂ ಮದುವೆಗೆ ಮುಂಚೆಯೇ ಎಲ್ಲ ಹೇಳಿದರು. ಅವರು ಒಳ್ಳೆಯ ಮನುಷ್ಯ, ಒಪ್ಪಿ 1946ರಲ್ಲಿ ಮದುವೆಯಾದರು. ಅವರ ಹತ್ತಿರವೂ ಅಷ್ಟೇ, ಒಂದೇ ಸಲ. ಹಲವು ಸಲ ಗರ್ಭ ನಿಲ್ಲಲಿಲ್ಲ. ದೊಡ್ಡ ಆಪರೇಷನ್ ಆದ ಮೇಲೆ ಇಬ್ಬರು ಹೆಣ್ಣುಮಕ್ಕಳು ಹುಟ್ಟಿದರು. 1960ರಲ್ಲಿ ಆಸ್ಟ್ರೇಲಿಯಾದ ಅಡಿಲೇಡ್‌ಗೆ ಹೋಗಿ ನೆಲೆಸಿದರು. ಚರ್ಚು, ಮಕ್ಕಳು, ಅಡುಗೆ. ಹೊರಗಿನವರಿಗೆ ಇಷ್ಟೇ ಕಾಣುತ್ತಿತ್ತು.

ಆದರೆ ಸಂಜೆ ಕತ್ತಲಾಗುವಾಗ ಕಿಟಕಿಯ ಪರದೆ ಎಳೆಯಲು ಹೋದರೆ ಮೈಯೆಲ್ಲ ಬೆಂಕಿ ಹರಿದ ಹಾಗೆ ಭಯ. ಕತ್ತಲಾಯಿತು ಅಂದರೆ ಅವರು ಬರುವ ಹೊತ್ತು. ಹುಟ್ಟುಹಬ್ಬಕ್ಕೆ ಹೂವು ಬೇಡ ಅನ್ನುತ್ತಿದ್ದರು. ಹೂವು ಯಾಕೆ, ದುಡ್ಡು ದಂಡ, ಬಾಡಿ ಹೋಗುತ್ತದೆ ಅಂತ ಮಕ್ಕಳ ಹತ್ತಿರ ನೆಪ. ಬೀರುವಿನಲ್ಲಿ ಒಂದು ಬಿಳಿ ಕರವಸ್ತ್ರ ಬಚ್ಚಿಟ್ಟಿದ್ದರು. ಆ ಮನೆಯಲ್ಲಿ ಜೊತೆಗಿದ್ದ ಹುಡುಗಿಯರ ಹೆಸರುಗಳನ್ನು ಅದರ ಮೇಲೆ ದಾರದಲ್ಲಿ ಕಸೂತಿ ಮಾಡಿದ್ದರು. ಅವರ ನಿಜವಾದ ಹೆಸರುಗಳು, ಹೂವಿನ ಹೆಸರುಗಳಲ್ಲ.

ಹೀಗೆ ಐವತ್ತು ವರ್ಷ ಕಳೆಯಿತು. ನನ್ನನ್ನು ಕಾಡುತ್ತಿರುವುದು ಇದು. ತಾಯಿ ಕೆಟ್ಟವರಲ್ಲ. ಗಂಡ ಕೆಟ್ಟವರಲ್ಲ. ಪ್ರೀತಿ ಇದ್ದವರೇ. ಆದರೂ ಎಲ್ಲರೂ ಒಂದು ಸಲ ಕೇಳಿ ಬಾಗಿಲು ಹಾಕಿಕೊಂಡರು. ನಾವೂ ಹೀಗೇ ಮಾಡ್ತೀವಿ ಅಲ್ವಾ? "ಆಯ್ತು ಬಿಡು, ಆಗಿದ್ದು ಆಗೋಯ್ತು, ಮರೆತುಬಿಡು." ಎಷ್ಟು ಸಲ ಹೇಳಿದ್ದೀವಿ ನಾವು ಈ ಮಾತನ್ನ?

---

ಹಳೇಮೇಷ್ಟ್ರು

ಓದಿ ಕಣ್ಣು ತುಂಬಿ ಬಂತು ತಾಯಿ. ಆದರೂ ನನ್ನ ಅನಿಸಿಕೆ ಹೇಳುತ್ತೇನೆ, ತಪ್ಪು ತಿಳಿಯಬೇಡಿ. ಮಾತಾಡದೇ ಇರುವುದು ಯಾವಾಗಲೂ ತಪ್ಪು ಅನ್ನಲು ನನಗೆ ಮನಸ್ಸು ಬರುವುದಿಲ್ಲ. ಆ ತಾಯಿ ತಾನೂ ಸೆರೆಯಲ್ಲಿದ್ದವರು, ಹಸಿದವರು. ಮಗಳ ನೋವನ್ನು ಮತ್ತೆ ಮತ್ತೆ ಕೇಳುವ ಶಕ್ತಿ ಅವರಿಗೆ ಎಲ್ಲಿತ್ತು? ಕೆದಕಿದರೆ ಗಾಯ ಮಾಯುವುದಿಲ್ಲ ಅಂತ ನಮ್ಮ ಹಿರಿಯರು ಸುಮ್ನೆ ಹೇಳಲಿಲ್ಲ. ಐವತ್ತು ವರ್ಷ ಆದ ಮೇಲೆ ಎಲ್ಲರೆದುರು ಹೇಳಿಕೊಂಡು ಅವರಿಗೆ ಏನು ಸಿಕ್ಕಿತು? ಮಕ್ಕಳಿಗೆ ನೋವಾಯಿತು ಅಷ್ಟೇ ಅಲ್ಲವೇ?

---

ತುಂಗಾತೀರ

ಮೇಷ್ಟ್ರೇ, ತಪ್ಪು ತಿಳಿಯುವುದು ಏನಿಲ್ಲ. ಅವರು ಹೇಗೆ ಬಾಯಿ ಬಿಟ್ಟರು ಅಂತ ಹೇಳಬೇಕಿತ್ತು, ಬಿಟ್ಟುಹೋಯಿತು.

1991ರ ಆಗಸ್ಟ್ 14ರಂದು ಕೊರಿಯಾದ ಕಿಮ್ ಹಾಕ್ ಸುನ್ ಅನ್ನುವ ಅಜ್ಜಿ ತನ್ನ ಹೆಸರು ಹೇಳಿಕೊಂಡು, ಜಪಾನ್ ಸೈನ್ಯ ನನಗೆ ಹೀಗೆ ಮಾಡಿತು ಅಂದರು. ಅಷ್ಟು ಹೊತ್ತಿಗೆ ಅವರ ಗಂಡ, ಮಕ್ಕಳು ಎಲ್ಲ ತೀರಿಹೋಗಿದ್ದರು. ಆಮೇಲೆ ಒಬ್ಬೊಬ್ಬರಾಗಿ ಬೇರೆ ಕೊರಿಯನ್ ಹೆಂಗಸರೂ ಬಂದರು. ಅಡಿಲೇಡ್‌ನ ತಮ್ಮ ಮನೆಯಲ್ಲಿ ಜಾನ್ ಇದನ್ನು ಟಿವಿಯಲ್ಲಿ ನೋಡಿದರು. ಇವರ ಮಾತನ್ನು ಜಪಾನ್ ಕಿವಿಗೆ ಹಾಕಿಕೊಳ್ಳುತ್ತಿಲ್ಲ, ಯುರೋಪಿನ ಒಬ್ಬ ಹೆಂಗಸು ಪಕ್ಕದಲ್ಲಿ ನಿಂತರೆ ಜಗತ್ತು ಕೇಳೀತು ಅನ್ನಿಸಿತು.

ಮಕ್ಕಳಿಗೆ ಬಾಯಲ್ಲಿ ಹೇಳಲು ಆಗಲಿಲ್ಲ. ಬರೆದು, ಲಕೋಟೆಯಲ್ಲಿ ಹಾಕಿ ಕೊಟ್ಟರು. 1992ರ ಡಿಸೆಂಬರ್‌ನಲ್ಲಿ ಟೋಕಿಯೋಗೆ ಹೋಗಿ ಸಾರ್ವಜನಿಕ ವಿಚಾರಣೆಯಲ್ಲಿ ಸಾಕ್ಷಿ ಹೇಳಿದರು. 69 ವರ್ಷದ ಅಜ್ಜಿ.

ಏನು ಸಿಕ್ಕಿತು ಅಂತ ಕೇಳಿದಿರಿ. ಕಿಮ್ ಹಾಕ್ ಸುನ್‌ಗೆ ಜಾನ್ ಸಿಕ್ಕಿದರು, ಜಾನ್‌ಗೆ ಆ ಕೊರಿಯಾದ ಹೆಂಗಸರು ಸಿಕ್ಕಿದರು. ಭಾಷೆ ಬರದಿದ್ದರೂ ಒಬ್ಬರ ಮಾತು ಒಬ್ಬರಿಗೆ ಅರ್ಥ ಆಗುವಂಥವರು. ನನಗೆ ಅದೇ ದೊಡ್ಡದು ಅನಿಸುತ್ತದೆ.

---

ನರ್ಸ್_ಅಕ್ಕ

ಮಾನಸಿಕ ಆರೋಗ್ಯ ವಿಭಾಗದಲ್ಲಿ ಹದಿನಾಲ್ಕು ವರ್ಷ ಕೆಲಸ ಮಾಡಿದ್ದೇನೆ. ಅದರ ಮೇಲೆ ಎರಡು ಮಾತು.

ಕೆದಕಿದರೆ ಮಾಯುವುದಿಲ್ಲ ಅನ್ನುವುದು ಚರ್ಮದ ಗಾಯಕ್ಕೆ ಸರಿ ಮೇಷ್ಟ್ರೇ. ಒಳಗೆ ಕೀವು ತುಂಬಿದ ಗಾಯವನ್ನು ಮೇಲೆ ಹೊಲಿಗೆ ಹಾಕಿ ಬಿಟ್ಟರೆ ಏನಾಗುತ್ತದೆ ಅಂತ ನಿಮಗೂ ಗೊತ್ತು. ಹಾಗಂತ ಬಲವಂತ ಮಾಡಿ ಮಾತಾಡಿಸುವುದೂ ತಪ್ಪು. ಅದರಿಂದ ಇನ್ನೂ ಕೆಡುತ್ತದೆ. ಯಾವಾಗ ಹೇಳಬೇಕು, ಎಷ್ಟು ಹೇಳಬೇಕು ಅನ್ನುವುದು ಅನುಭವಿಸಿದವರ ಕೈಯಲ್ಲೇ ಇರಬೇಕು. ಜಾನ್ ಅವರಿಗೆ ಹೇಳುವ ಮನಸ್ಸಿತ್ತು. ತಾಯಿಗೆ ಹೇಳಿದರು, ಪಾದ್ರಿಗೆ ಹೇಳಿದರು, ಗಂಡನಿಗೆ ಹೇಳಿದರು. ಮೂರು ಕಡೆ ಬಾಗಿಲು ತಟ್ಟಿದ್ದಾರೆ ಪಾಪ.

ಪರದೆಯ ವಿಷಯ ಓದಿ ನನಗೆ ಆಶ್ಚರ್ಯ ಆಗಲಿಲ್ಲ. ಇಂಥ ಆಘಾತ ಕಳೆದುಹೋದ ಘಟನೆಯ ಹಾಗೆ ಮನಸ್ಸಿನಲ್ಲಿ ಉಳಿಯುವುದಿಲ್ಲ. ಈಗಲೇ ನಡೆಯುತ್ತಿರುವ ಹಾಗೆ ಮೈಗೆ ಬರುತ್ತದೆ. ಒಂದು ವಾಸನೆ, ಒಂದು ಹೆಜ್ಜೆ ಸಪ್ಪಳ, ಸಂಜೆಯ ಬೆಳಕು ಸಾಕು. ಎದೆ ಡವಗುಟ್ಟುತ್ತದೆ, ಕೈ ತಣ್ಣಗಾಗುತ್ತದೆ. ನಾನು ಅಡಿಲೇಡ್‌ನಲ್ಲಿದ್ದೇನೆ, ನನಗೆ ಅರವತ್ತಾಯಿತು ಅಂತ ಬುದ್ಧಿ ಹೇಳುತ್ತಿರುತ್ತದೆ, ಮೈ ಕೇಳುವುದಿಲ್ಲ. ಇದಕ್ಕೆ ಪಿಟಿಎಸ್‌ಡಿ ಅನ್ನುವ ಹೆಸರು ಅಮೆರಿಕದ ಮನೋವೈದ್ಯರ ಕೈಪಿಡಿಗೆ ಸೇರಿದ್ದೇ 1980ರಲ್ಲಿ. ಅದೂ ವಿಯೆಟ್ನಾಂ ಯುದ್ಧದಿಂದ ಬಂದ ಸೈನಿಕರ ಪಾಡು ನೋಡಿದ ಮೇಲೆ. ಜಾನ್ ಅವರು ಅಷ್ಟು ಹೊತ್ತಿಗೆ ಮೂವತ್ತಾರು ವರ್ಷ ಒಬ್ಬರೇ ಹೊತ್ತಿದ್ದರು.

ಇನ್ನೊಂದು. ಆ ಮನೆಗೆ ಹುಡುಗಿಯರ ತಪಾಸಣೆಗೆ ಬರುತ್ತಿದ್ದ ಜಪಾನಿ ಡಾಕ್ಟರ್ ಕೂಡ ಅವರ ಮೇಲೆ ಅತ್ಯಾಚಾರ ಮಾಡಿದ್ದ. ಈ ಡಾಕ್ಟರಿಗಾದರೂ ಹೇಳಿಕೊಳ್ಳೋಣ, ಬಿಡಿಸಿಯಾನು ಅಂತ ನಂಬಿ ಹೋದರೆ ಅವನೂ ಹಾಗೆ ಮಾಡಿದ. ಆಮೇಲೆ ಗರ್ಭಪಾತ, ಆಪರೇಷನ್ ಅಂತ ಎಷ್ಟು ಸಲ ಆಸ್ಪತ್ರೆಯ ಮಂಚದ ಮೇಲೆ ಮಲಗಿರಬೇಕು ನೋಡಿ. ನಮ್ಮಲ್ಲಿ ಕೆಲವು ಹೆಂಗಸರು ಪರೀಕ್ಷೆಗೆ ಮಲಗಿ ಅಂದರೆ ಗಟ್ಟಿಯಾಗಿ ಮೈ ಬಿಗಿ ಹಿಡಿಯುತ್ತಾರೆ. "ಯಾಕಮ್ಮ ಹೀಗೆ ಸತಾಯಿಸ್ತೀಯ" ಅಂತ ಗದರುವವರನ್ನು ನಾನು ಕಣ್ಣಾರೆ ಕಂಡಿದ್ದೇನೆ. ಹೊಸದರಲ್ಲಿ ನಾನೂ ಒಬ್ಬರಿಗೆ ಗದರಿದ್ದೇನೆ. ಆಕೆ ಏನೂ ಅನ್ನದೆ ಸೀರೆ ಸರಿಮಾಡಿಕೊಂಡು ಎದ್ದು ಹೋದರು. ಮತ್ತೆ ಬರಲಿಲ್ಲ. ಆ ಮುಖ ಇವತ್ತಿಗೂ ನನ್ನ ಕಣ್ಣ ಮುಂದಿದೆ.

ಇದನ್ನು ಓದುವವರಲ್ಲಿ ಯಾರಿಗಾದರೂ ಬೇಕಿದ್ದರೆ: ಟೆಲಿ ಮಾನಸ್ ಸಹಾಯವಾಣಿ 14416. ಹಗಲು ರಾತ್ರಿ ಇರುತ್ತದೆ, ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಿಲ್ಲ.

---

ಪದಜೋಳಿಗೆ

ನನಗೆ ಭಾಷೆಯ ಚಿಂತೆ. ಜಪಾನ್ ಸೈನ್ಯ ಈ ಹೆಂಗಸರನ್ನು 'ಇಯಾನ್‌ಫು' ಅಂತ ಕರೆಯಿತು. ಇಂಗ್ಲಿಷಿನಲ್ಲಿ ಅದು 'ಕಂಫರ್ಟ್ ವುಮನ್' ಆಯಿತು. ಅಂದರೆ ಸಾಂತ್ವನ ಕೊಡುವವಳು! ಜಾನ್‌ಗೆ ಈ ಪದ ಕಂಡರೆ ಆಗುತ್ತಿರಲಿಲ್ಲ. ಕಂಫರ್ಟ್ ಅಂದರೆ ಬೆಚ್ಚಗಿನದು, ಮೆತ್ತಗಿನದು, ನಾವು ಯುದ್ಧದಲ್ಲಿ ಅತ್ಯಾಚಾರಕ್ಕೆ ಸಿಕ್ಕವರು ಅನ್ನುತ್ತಿದ್ದರು.

ಕನ್ನಡದಲ್ಲಿ ನಾವು ಏನು ಕಮ್ಮಿ? 'ಮಾನಭಂಗ' ಅಂತೀವಿ. ಯಾರ ಮಾನ ಭಂಗವಾಯಿತು? ಕತ್ತಿ ಹಿಡಿದು ಬಂದವನ ಮಾನ ತಾನೇ ಹೋಗಬೇಕಾದ್ದು? 'ಶೀಲ ಕಳೆದುಕೊಂಡಳು' ಅಂತೀವಿ. ಇವಳೇ ಎಲ್ಲೋ ಬೀಳಿಸಿಕೊಂಡು ಬಂದ ಹಾಗೆ, ಸಂತೆಯಲ್ಲಿ ಕಾಸಿನ ಗಂಟು ಕಳೆದ ಹಾಗೆ. 'ಕೆಟ್ಟು ಹೋದವಳು' ಅಂತೀವಿ. ಹಾಲು ಕೆಡುತ್ತದೆ, ಅನ್ನ ಕೆಡುತ್ತದೆ, ಮನುಷ್ಯರು ಕೆಡುತ್ತಾರಾ? ಆ ಪಾದ್ರಿಯ ಮಾತಿನಲ್ಲಿ ಇದ್ದದ್ದು ಇದೇ ಅರ್ಥ. ಬೋಗೋರ್‌ನ ಹೆಂಗಸರು ಬೈದದ್ದರಲ್ಲೂ ಇದೇ.

ಬಾಂಗ್ಲಾದೇಶ ಬೇರೆ ದಾರಿ ನೋಡಿತು. 1971ರ ಯುದ್ಧದಲ್ಲಿ ಪಾಕಿಸ್ತಾನದ ಸೈನ್ಯ ಹೀಗೆಯೇ ಶಿಬಿರಗಳಲ್ಲಿ ಕೂಡಿಹಾಕಿದ್ದ ಹೆಂಗಸರಿಗೆ ಆ ಸರ್ಕಾರ 'ಬೀರಾಂಗನಾ' ಅಂದಿತು, ನಮ್ಮ ವೀರಾಂಗನೆಯೇ. ಒಳ್ಳೆಯ ಉದ್ದೇಶ. ಆದರೆ ಊರಿನವರ ಬಾಯಲ್ಲಿ ಆ ಪದವೇ ಬೈಗುಳ ಆಗಿಹೋಯಿತು. ಶಿಲ್ಪಿ ಫಿರ್ದೌಸಿ ಪ್ರಿಯಭಾಷಿಣಿ ತಮ್ಮ ಕತೆಯನ್ನು ಬಹಿರಂಗವಾಗಿ ಹೇಳಲು 1999ರವರೆಗೆ ಕಾಯಬೇಕಾಯಿತು. ಪದ ಬದಲಾದರೆ ಸಾಲದು ಅಂತ ಅದರಿಂದ ಕಲಿತೆ. ಆದರೂ ನಾನು 'ಮಾನಭಂಗ' ಅಂತ ಬರೆಯುವುದನ್ನು ಬಿಟ್ಟಿದ್ದೇನೆ. ಅತ್ಯಾಚಾರ ಅಂತಲೇ ಬರೆಯುತ್ತೇನೆ. ಅದರಲ್ಲಿ ಮಾಡಿದವನ ಕೆಲಸ ಇದೆ.

---

ಅಡಿಲೇಡ್_ಕನ್ನಡಿಗ

ಇದೇ ಊರಲ್ಲಿ ಒಂಬತ್ತು ವರ್ಷದಿಂದ ಇದ್ದೇನೆ. ಅವರು 2019ರ ಆಗಸ್ಟ್‌ನಲ್ಲಿ ತೀರಿಕೊಂಡಾಗ ಇಲ್ಲಿ ಸುದ್ದಿಯಲ್ಲಿ ಬಂದಿತ್ತು. 96 ವರ್ಷ. ಅಲ್ಲಿಯವರೆಗೆ ನನಗೆ ಹೆಸರೇ ಗೊತ್ತಿರಲಿಲ್ಲ. ಇಲ್ಲಿ ಬಸ್ಸಿನಲ್ಲಿ, ಅಂಗಡಿಯಲ್ಲಿ ಯುರೋಪಿನಿಂದ ಬಂದ ಅಜ್ಜಿಯರು ತುಂಬಾ ಕಾಣುತ್ತಾರೆ. ನೀಟಾಗಿ ಕೂದಲು ಬಾಚಿ, ತಳ್ಳುಗಾಡಿ ಹಿಡಿದು ನಗುತ್ತಾ ಹೋಗುತ್ತಾರೆ. ಅವತ್ತಿನಿಂದ ಅವರನ್ನು ನೋಡುವ ನನ್ನ ರೀತಿ ಬದಲಾಗಿದೆ.

---

ಇತಿಹಾಸದ_ಹಿಂದೆ

ಒಂದು ವಿಷಯ ಸೇರಿಸಲೇಬೇಕು. ಸೆಮರಾಂಗ್‌ನ ಪ್ರಕರಣಕ್ಕೆ ವಿಚಾರಣೆ ನಡೆದಿತ್ತು. ಯುದ್ಧ ಮುಗಿದ ಮೇಲೆ ಬಟಾವಿಯಾದಲ್ಲಿ, ಅಂದರೆ ಇಂದಿನ ಜಕಾರ್ತಾದಲ್ಲಿ, ಡಚ್ ಸೇನಾ ನ್ಯಾಯಾಲಯ 1948ರಲ್ಲಿ ಹಲವರಿಗೆ ಶಿಕ್ಷೆ ಕೊಟ್ಟಿತು. ಒಬ್ಬ ಅಧಿಕಾರಿಗೆ ಮರಣದಂಡನೆ ಆಯಿತು.

ಆದರೆ ಅದೇ ಜಾವಾದಲ್ಲಿ, ಅದೇ ಸೈನ್ಯ ಎಳೆದೊಯ್ದ ಇಂಡೋನೇಷ್ಯಾದ ಹಳ್ಳಿ ಹುಡುಗಿಯರಿಗಾಗಿ ಆ ಕೋರ್ಟು ಕೂರಲಿಲ್ಲ. ಬಿಳಿ ಹೆಂಗಸರಿಗೆ ಆದದ್ದು ಮಾತ್ರ ಅಪರಾಧ ಅಂತ ಲೆಕ್ಕಕ್ಕೆ ಬಂತು. ಕೊರಿಯಾ, ಚೀನಾ, ಫಿಲಿಪೀನ್ಸ್, ತೈವಾನ್, ಎಲ್ಲೆಲ್ಲಿಂದ ಎಷ್ಟು ಜನ! ಇತಿಹಾಸಕಾರರ ಅಂದಾಜೇ ಐವತ್ತು ಸಾವಿರದಿಂದ ಎರಡು ಲಕ್ಷದವರೆಗೆ ಓಡಾಡುತ್ತದೆ. ಸೋಲುವಾಗ ಸೈನ್ಯ ಕಡತಗಳನ್ನು ಸುಟ್ಟು ಹಾಕಿದ್ದರಿಂದ ಸರಿಯಾದ ಲೆಕ್ಕ ಇಲ್ಲ. ಜಾನ್ ಅವರಿಗೆ ಈ ತಾರತಮ್ಯ ಗೊತ್ತಿತ್ತು ಅನಿಸುತ್ತದೆ. ತಮ್ಮ ಬಿಳಿ ಬಣ್ಣಕ್ಕೆ ಜಗತ್ತು ಕೊಡುವ ಬೆಲೆಯನ್ನು ಅವರು ಕೊರಿಯಾದ ಹೆಂಗಸರಿಗಾಗಿ ಬಳಸಿದರು. ಅದಕ್ಕೇ ನನಗೆ ಅವರ ಮೇಲೆ ಇಷ್ಟು ಗೌರವ.

1995ರಲ್ಲಿ ಜಪಾನ್ 'ಏಷ್ಯನ್ ವುಮೆನ್ಸ್ ಫಂಡ್' ಮಾಡಿತು. ಪರಿಹಾರದ ದುಡ್ಡು ಜನರಿಂದ ಚಂದಾ ಎತ್ತಿದ್ದು. ಇದು ಅವಮಾನ ಅಂತ ಜಾನ್ ಬೇಡ ಅಂದರು. ಅವರು ಕೇಳಿದ್ದು ಸರ್ಕಾರ ನೇರವಾಗಿ ತಪ್ಪೊಪ್ಪಿ ಕ್ಷಮೆ ಕೇಳಲಿ ಅಂತ. 2007ರ ಫೆಬ್ರವರಿಯಲ್ಲಿ, 84ನೇ ವಯಸ್ಸಿನಲ್ಲಿ, ಅಮೆರಿಕದ ಸಂಸತ್ತಿನ ಸಮಿತಿಯ ಮುಂದೆ ಇಬ್ಬರು ಕೊರಿಯನ್ ಅಜ್ಜಿಯರ ಜೊತೆ ಕೂತು ಮತ್ತೆ ಎಲ್ಲ ಹೇಳಿದರು. ಜಪಾನೀಯರನ್ನು ಕ್ಷಮಿಸಿದ್ದೇನೆ, ಮರೆಯಲು ಮಾತ್ರ ಆಗದು ಅಂದರು. ಅದೇ ಜುಲೈನಲ್ಲಿ ಅಲ್ಲಿನ ಪ್ರತಿನಿಧಿ ಸಭೆ, ಜಪಾನ್ ಕ್ಷಮೆ ಕೇಳಬೇಕು ಅಂತ ನಿರ್ಣಯ ಮಾಡಿತು.

---

ಜೋಳದ_ರೊಟ್ಟಿ

ನಾನು ಕಲಬುರಗಿ ಕಡೆಯವನು. ಸಾಮಾನ್ಯವಾಗಿ ಇಲ್ಲಿ ಓದಿ ಸುಮ್ಮನಿರುವವನು. ನರ್ಸ್ ಅಕ್ಕ ವಾಸನೆ ಅಂದಿದ್ದು ಓದಿ ಕೈ ನಿಂತುಬಿಟ್ಟಿತು.

ನಮ್ಮ ಕಡೆ ಹಳಬರು 'ರಜಾಕಾರರ ಹಾವಳಿ' ಅಂತ ಒಂದು ಕಾಲ ಹೇಳುತ್ತಾರೆ. ರಜಾಕಾರರು ಅಂದರೆ ಹೈದರಾಬಾದ್ ನಿಜಾಮರ ಪರ ನಿಂತಿದ್ದ ಖಾಸಗಿ ಪಡೆ. 1948ರ ಸೆಪ್ಟೆಂಬರ್‌ನಲ್ಲಿ ಭಾರತದ ಸೈನ್ಯ ಹೈದರಾಬಾದ್ ಸಂಸ್ಥಾನಕ್ಕೆ ಬರುವ ಮುಂಚಿನ ದಿನಗಳು. ಸೈನ್ಯ ಬಂದ ಮೇಲೆ ಮುಸ್ಲಿಮರ ಮನೆಗಳ ಮೇಲೂ ದೊಡ್ಡ ಹಿಂಸೆ ಆಯಿತು. ಅದನ್ನಂತೂ ಯಾರೂ ಹೇಳುವುದೇ ಇಲ್ಲ. ಎರಡೂ ಕಡೆ ಹೆಣ್ಣುಮಕ್ಕಳೇ ಸಿಕ್ಕಿಬಿದ್ದದ್ದು. ಜಾನ್ ಅವರಿಗೆ ಆದದ್ದಕ್ಕೂ ಇದಕ್ಕೂ ಹೋಲಿಕೆ ಮಾಡುತ್ತಿಲ್ಲ. ಮನೆಯವರು ಸುಮ್ಮನಾಗುವ ರೀತಿ ಒಂದೇ ಅನಿಸಿತು, ಅದಕ್ಕೆ ಬರೆಯುತ್ತಿದ್ದೇನೆ.

ನಮ್ಮ ಆಯಿ, ಅಂದರೆ ಅವ್ವನ ಅವ್ವ, ಮನೆಯೊಳಗೆ ಮಲಗುತ್ತಿರಲಿಲ್ಲ. ಚಳಿಗಾಲದಲ್ಲೂ ಅಂಗಳದಲ್ಲಿ ಹೊರಸು, ಪಕ್ಕದಲ್ಲಿ ಕಂದೀಲು. ಆಯಿಗೆ ಸೆಖೆ ಜಾಸ್ತಿ ಅಂತ ನಾವು ಮಕ್ಕಳು ನಗುತ್ತಿದ್ದೆವು. ಮುಗ್ಗಿದ ಜೋಳದ ವಾಸನೆ ಬಂದರೆ ಎದ್ದು ಹೊರಗೆ ಹೋಗಿಬಿಡುತ್ತಿದ್ದರು. ಹಾವಳಿಯಲ್ಲಿ ಅವರನ್ನು ಹಗೇವಿನಲ್ಲಿ ಬಚ್ಚಿಟ್ಟಿದ್ದರು ಅಂತ ಮನೆಯಲ್ಲಿ ಒಂದು ಸಾಲಿನ ಮಾತಿತ್ತು. ಹಗೇವು ಅಂದರೆ ನೆಲದಡಿ ಜೋಳ ತುಂಬಿಡುವ ಕುಣಿ. ಹೊಸ ಜೋಳ ಬರುವ ಮುಂಚಿನ ಕಾಲ, ಕುಣಿ ಖಾಲಿ ಇರುತ್ತಿತ್ತು. ಎಷ್ಟು ದಿನ, ಏನಾಯಿತು ಅಂತ ಯಾರೂ ಕೇಳಲಿಲ್ಲ. ಆಯಿ ತೀರಿಕೊಂಡು ಹನ್ನೊಂದು ವರ್ಷ ಆಯಿತು. ಎರಡನ್ನೂ ಒಂದಕ್ಕೊಂದು ಸೇರಿಸಿ ನಾನು ಯೋಚಿಸಿದ್ದು ಇವತ್ತೇ. ಜೋಳದ ವಾಸನೆ, ಅಂಗಳದ ಹೊರಸು.

---

ಹಳೇಮೇಷ್ಟ್ರು

ತಮ್ಮಾ, ನಿಮ್ಮ ಆಯಿಯ ಓರಗೆಯವರು ಯಾರಾದರೂ ಇದ್ದಾರೆಯೇ? ಇದ್ದರೆ ಹೋಗಿ ಕೂತು ಬನ್ನಿ. ಕೇಳಲೇಬೇಕು ಅಂತಿಲ್ಲ.

ಮೊದಲು ನಾನು ಬರೆದದ್ದನ್ನು ಅಳಿಸಬೇಕು ಅನಿಸಿತ್ತು. ಇರಲಿ ಬಿಡಿ, ನನ್ನಂತೆ ಯೋಚಿಸುವವರು ಓದಲಿ. ನನ್ನ ತಂಗಿಯೊಬ್ಬಳು ಒಂದು ಕಾಲದಲ್ಲಿ ನನ್ನ ಹತ್ತಿರ ಏನೋ ಹೇಳಲು ಬಂದಿದ್ದಳು. ಮರೆತುಬಿಡು ತಾಯಿ ಅಂತ ನಾನೇ ಅಂದೆ. ಬಹಳ ಪ್ರೀತಿಯಿಂದಲೇ ಅಂದೆ.

---

ತುಂಗಾತೀರ

ಮೇಷ್ಟ್ರೇ... ತಂಗಿ ಈಗ ಇದ್ದಾರಾ?

---

ಹಳೇಮೇಷ್ಟ್ರು

ಇದ್ದಾಳೆ. ಹಾಸನದಲ್ಲಿ. ಫೋನ್ ಹಚ್ಚುತ್ತೇನೆ.

---

ಜೋಳದ_ರೊಟ್ಟಿ

ಎಂಟು ದಿನ ಆದ ಮೇಲೆ ಬರೆಯುತ್ತಿದ್ದೇನೆ. ಊರಿಗೆ ಹೋಗಿದ್ದೆ.

ಆಯಿಯ ತಂಗಿ ಒಬ್ಬರು ಇದ್ದಾರೆ, ನಾವು ಚಿಕ್ಕಾಯಿ ಅನ್ನುತ್ತೇವೆ. ಎಂಬತ್ತು ದಾಟಿದೆ, ಕಣ್ಣು ಮಂಜು, ಕಿವಿ ಚೆನ್ನಾಗಿದೆ. ಕಟ್ಟೆಯ ಮೇಲೆ ಕೂತು ಅವರು ಬಿಡಿಸುತ್ತಿದ್ದ ಶೇಂಗಾ ನಾನೂ ಬಿಡಿಸುತ್ತಾ ಕೂತೆ. ಸುಮಾರು ಹೊತ್ತು ಏನೂ ಕೇಳಲಿಲ್ಲ. ಆಮೇಲೆ ಆಯಿ ಯಾಕೆ ಹೊರಗೆ ಮಲಗುತ್ತಿದ್ದರು ಅಂತ ಅಷ್ಟೇ ಕೇಳಿದೆ.

ಅವರ ಕೈ ನಿಂತಿತು. "ನಾನೂ ಒಳಗ ಇದ್ದೆ" ಅಂದರು.

ನಮ್ಮ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ನಮ್ಮ ಅವ್ವನಿಗೂ ಗೊತ್ತಿರಲಿಲ್ಲ. ಆಯಿಗೆ ಹದಿನಾಲ್ಕು, ಇವರಿಗೆ ಆರು ಏಳು ಇರಬೇಕು. ಮೂರು ಹಗಲು ಮೂರು ರಾತ್ರಿ. ಮೇಲೆ ಹಾಸುಗಲ್ಲು, ಗಾಳಿಗೆ ಅಂತ ಒಂದು ಗೇಣು ಸಂದು. ಮೇಲೆ ಹೆಜ್ಜೆ ಸಪ್ಪಳ ಆದಾಗ ಇವರು ಅಳಬಾರದು ಅಂತ ಆಯಿ ಅಂಗೈಯಿಂದ ಇವರ ಬಾಯಿ ಒತ್ತಿ ಹಿಡಿದಿದ್ದರಂತೆ. ಹೇಗೆ ಅಂತ ತಮ್ಮ ಬಾಯಿಗೆ ತಮ್ಮ ಕೈ ಇಟ್ಟು ತೋರಿಸಿದರು. ಆ ಕೈಗೆ ಜೋಳದ ವಾಸನೆ ಇತ್ತು ಅಂದರು.

ಮರೆತುಬಿಡಿ ಅನ್ನುವ ಮಾತು ನನ್ನ ನಾಲಿಗೆಯ ತುದಿಗೆ ಬಂದಿತ್ತು, ನಿಜ ಹೇಳುತ್ತೇನೆ. ಈ ಚರ್ಚೆ ನೆನಪಾಯಿತು. ಸುಮ್ಮನೆ ಶೇಂಗಾ ಬಿಡಿಸುತ್ತಾ ಕೂತೆ. ಕತ್ತಲಾಯಿತು. ನಾನು ಹೊರಡಲು ಎದ್ದಾಗ ನನ್ನ ಮೊಣಕೈ ಹಿಡಿದುಕೊಂಡು, "ಮುಂದಿನ ಆಯ್ತವಾರ ಬರ್ತಿ ಏನು? ಇನ್ನೂ ಐತಿ" ಅಂದರು.

ಟಿಕೆಟ್ ಮಾಡಿಸಿದ್ದೇನೆ. ಶನಿವಾರ ರಾತ್ರಿ ಬಸ್ಸು.